ಹನ್ನೆರಡನೆಯ ವಿಧಿ

1757ನೆಯ ಇಸವಿ ಮಾರ್ಚ್ 14. ಇಂಗ್ಲೆಂಡಿನ ಪೋರ್ಟ್ಸ್‌ಮತ್ ಬಂದರಿನಲ್ಲಿ ಲಂಗರು ಹಾಕಿದ್ದ ‘ಮೊನಾರ್ಕ್’ ಎಂಬ ಯುದ್ಧನೌಕೆಯ ಮೇಲಟ್ಟದಲ್ಲಿ ಅಡ್ಮಿರಲ್ ಜಾನ್ ಬಿಂಗನು ದಿಂಬೊಂದರ ಮೇಲೆ ಮೊಣಕಾಲೂರಿದನು. ಕಣ್ಣಿಗೆ ಬಟ್ಟೆ ಕಟ್ಟಿತ್ತು. ಕೈಯಲ್ಲಿದ್ದ ಕರವಸ್ತ್ರವನ್ನು ಅವನೇ ಕೆಳಗೆ ಬಿಟ್ಟನು, ಅದೇ ಸಂಕೇತ. ಬಂದೂಕುಗಳು ಸಿಡಿದವು. ಅವನಿಗೆ ಮರಣದಂಡನೆಯನ್ನು ವಿಧಿಸಿದ ನ್ಯಾಯಾಧೀಶರೇ ಅವನು ಹೇಡಿಯಲ್ಲವೆಂದು ಬರೆದಿದ್ದರು. ಅವನ ಪ್ರಾಣವನ್ನು ಉಳಿಸಬೇಕೆಂದು ಅರಸನಿಗೆ ಬಿನ್ನವಿಸಿಕೊಂಡಿದ್ದರು!

ಮೆಡಿಟರೇನಿಯನ್ ಸಮುದ್ರದ ಮಿನೋರ್ಕಾ ದ್ವೀಪ ಆಗ ಇಂಗ್ಲಿಷರ ವಶದಲ್ಲಿತ್ತು. 1756ರಲ್ಲಿ ಫ್ರೆಂಚರು ಅಲ್ಲಿನ ಸೇಂಟ್ ಫಿಲಿಪ್ ಕೋಟೆಯನ್ನು ಮುತ್ತಿದಾಗ, ಬಿಂಗನನ್ನು ಹತ್ತು ಹಡಗುಗಳೊಡನೆ ಬಹಳ ತಡವಾಗಿ ಕಳುಹಿಸಲಾಯಿತು. ನಾವಿಕರ ಸಂಖ್ಯೆಯೂ ಸಾಲದಾಗಿತ್ತು. ಮೇ 20ರಂದು ಕಾಳಗ ನಡೆಯಿತು. ಮುಂಭಾಗದ ಹಡಗುಗಳು ಶತ್ರುವಿನ ಗುಂಡುಗಳಿಗೆ ಸಿಕ್ಕಿ ಜರ್ಜರಿತವಾದವು. ಪಂಕ್ತಿಯನ್ನು ಮುರಿದು ನೇರವಾಗಿ ಮುನ್ನುಗ್ಗಿದ್ದರೆ ಬಿಂಗನು ಅವುಗಳ ನೆರವಿಗೆ ಒದಗಬಹುದಾಗಿತ್ತೇನೋ. ಅವನು ಮುರಿಯಲಿಲ್ಲ.

ಏಕೆಂಬುದಕ್ಕೆ ಹಿಂದಿನ ಕಥೆಯೊಂದುಂಟು. 1744ರ ಟೂಲಾನ್ ಕದನದಲ್ಲಿ ಅಡ್ಮಿರಲ್ ಮ್ಯಾಥ್ಯೂಸನು ಪಂಕ್ತಿಯನ್ನು ಬಿಟ್ಟು ಶತ್ರುವಿನ ಮೇಲೆ ಬಿದ್ದಿದ್ದನು. ವಿಚಾರಣೆಯಾಗಿ ಅವನ ಹುದ್ದೆ ಹೋಯಿತು. ಪಂಕ್ತಿಯ ನಿಯಮವನ್ನು ಹಿಡಿದು ಹಿಂದೆಯೇ ಉಳಿದ ಲೆಸ್ಟಾಕನು ನಿರ್ದೋಷಿಯೆನಿಸಿದನು. ಮ್ಯಾಥ್ಯೂಸನನ್ನು ವಿಚಾರಿಸಿದ ನ್ಯಾಯಪೀಠದಲ್ಲಿ ಬಿಂಗನೂ ಒಬ್ಬನಾಗಿದ್ದನು! ಮಿನೋರ್ಕಾದ ಕಾಳಗದ ನಡುವೆ ತನ್ನ ಕಪ್ತಾನನಿಗೆ ಆ ಪ್ರಕರಣವನ್ನೇ ನೆನಪಿಸಿದನೆಂದು ಸಾಕ್ಷ್ಯವಿದೆ. ತಾನು ಕಲಿತ ಪಾಠವೇ ಅವನಿಗೆ ಉರುಳಾಯಿತು.

ನಾಲ್ಕು ದಿನಗಳ ತರುವಾಯ ಸೇನಾನಿಗಳ ಸಭೆ ಸೇರಿಸಿ, ಅವನು ಜಿಬ್ರಾಲ್ಟರಿಗೆ ಹಿಂದಿರುಗಿದನು. ಜೂನ್ ತಿಂಗಳ ಕೊನೆಯಲ್ಲಿ ಕೋಟೆ ಬಿದ್ದಿತು. ಲಂಡನ್ನಿನ ಜನ ರೋಷದಿಂದ ಅವನ ಪ್ರತಿಕೃತಿಗಳನ್ನು ಸುಟ್ಟರು. ನ್ಯೂಕ್ಯಾಸಲ್ ಮಂತ್ರಿಮಂಡಲಕ್ಕೆ ತನ್ನ ತಪ್ಪನ್ನು ಹೊರಿಸಲು ಹೆಗಲೊಂದು ಬೇಕಾಗಿತ್ತು. ಬಿಂಗನ ವರದಿಯಲ್ಲಿ ಬೇಕಾದ ಭಾಗಗಳನ್ನು ಕತ್ತರಿಸಿ ಸರಕಾರಿ ಗೆಜೆಟ್ಟಿನಲ್ಲಿ ಅಚ್ಚು ಹಾಕಿಸಿತು.

ಸೈನಿಕ ನ್ಯಾಯಾಲಯ ಸುಮಾರು ಒಂದು ತಿಂಗಳು ನಡೆಯಿತು. ಬಿಂಗನಲ್ಲಿ ಹೇಡಿತನವಿಲ್ಲ, ನಿಷ್ಠಾಭಂಗವಿಲ್ಲ. ಆದರೆ ಕೈಲಾದಷ್ಟನ್ನೆಲ್ಲ ಅವನು ಮಾಡಲಿಲ್ಲ ಎಂಬುದು ತೀರ್ಪು. ನೌಕಾದಳದ ಯುದ್ಧಸಂಹಿತೆಯ ಹನ್ನೆರಡನೆಯ ವಿಧಿಯ ಪ್ರಕಾರ ಅಷ್ಟಕ್ಕೇ ಸಾವು. ಹಳೆಯ ಸಂಹಿತೆಯಲ್ಲಿ ಇತರ ಶಿಕ್ಷೆಗೂ ಅವಕಾಶವಿತ್ತು. ಆದರೆ 1745ರಲ್ಲಿ, ಕಪ್ತಾನನು ಸತ್ತ ಮೇಲೆ ಹಡಗನ್ನು ಶತ್ರುವಿಗೊಪ್ಪಿಸಿದ ಬೇಕರ್ ಫಿಲಿಪ್ಸ್ ಎಂಬ ಕಿರಿಯ ಅಧಿಕಾರಿಯನ್ನು ಗುಂಡಿಕ್ಕಿ ಕೊಂದರು. ಟೂಲಾನಿನ ಹಿರಿಯರಾರಿಗೂ ಪ್ರಾಣಭಯವೇ ಒದಗಲಿಲ್ಲ. ಕಿರಿಯರಿಗೊಂದು ನ್ಯಾಯ, ಹಿರಿಯರಿಗೊಂದು ನ್ಯಾಯವೇ ಎಂಬ ಕೂಗೆದ್ದಿತು. ನ್ಯಾಯವಾದ ಕೂಗೇ ಅದು. 1749ರ ತಿದ್ದುಪಡಿಯಲ್ಲಿ ಆ ‘ಇತರ ಶಿಕ್ಷೆ’ ಮಾಯವಾಯಿತು. ಸಮಾನತೆಯನ್ನು ತರಲು ಹೊರಟವರು ಕಿರಿಯನಿಗೂ ದಯೆ ತೋರಿಸುವ ದಾರಿಯನ್ನು ತೆರೆಯಲಿಲ್ಲ; ಹಿರಿಯನಿಗಿದ್ದ ದಾರಿಯನ್ನೂ ಮುಚ್ಚಿದರು. ಹೀಗಾಗಿ ಬಿಂಗನ ನ್ಯಾಯಾಧೀಶರಿಗೆ ಬಿನ್ನಹವೊಂದನ್ನುಳಿದು ಬೇರೆ ಗತಿಯಿರಲಿಲ್ಲ.

ಬಿನ್ನಹ ಫಲಿಸಲಿಲ್ಲ. ಪಿಟ್ಟನು ಅರಸನ ಬಳಿ ಬಿಂಗನ ಪರವಾಗಿ ಮಾತನಾಡಿದನು. ಅಡ್ಮಿರಲ್ ಫೋರ್ಬ್ಸನು ಮರಣಾಜ್ಞೆಗೆ ರುಜು ಹಾಕಲು ಒಪ್ಪಲಿಲ್ಲ. ನ್ಯಾಯಾಧೀಶರಲ್ಲೊಬ್ಬನಾದ ಕೆಪೆಲನು, ತಾವು ತೊಟ್ಟ ಗೌಪ್ಯದ ಪ್ರತಿಜ್ಞೆಯಿಂದ ಬಿಡುಗಡೆ ಬೇಕೆಂದು ಪಾರ್ಲಿಮೆಂಟನ್ನು ಕೇಳಿದನು. ಕೆಳಮನೆ ಮಸೂದೆಯನ್ನು ಒಪ್ಪಿತು, ಮೇಲ್ಮನೆ ತಳ್ಳಿಹಾಕಿತು. ಎರಡನೆಯ ಜಾರ್ಜ್ ಅರಸನು ಎರಡು ವಾರಗಳ ಗಡುವನ್ನಿತ್ತನೇ ಹೊರತು ಕ್ಷಮೆಯನ್ನು ನೀಡಲಿಲ್ಲ. ಶತ್ರುಪಕ್ಷದ ಸೇನಾಪತಿ ರಿಶೆಲ್ಯೂ ಕೂಡ ಬಿಂಗನ ನಡತೆಯನ್ನು ಸಮರ್ಥಿಸಿ ಪತ್ರ ಬರೆದಿದ್ದನು. ಅದನ್ನು ಇಂಗ್ಲೆಂಡಿಗೆ ಕಳುಹಿಸಿಕೊಟ್ಟವನು ವಾಲ್ಟೇರ್. ಎರಡು ವರ್ಷಗಳ ಮೇಲೆ ಅವನು ತನ್ನ ‘ಕ್ಯಾಂಡೀಡ್’ ಕಥೆಯಲ್ಲಿ ಈ ಮರಣದೃಶ್ಯವನ್ನು ತಂದು ಆಡಿದ ಕಟಕಿಯು ಇಂದಿಗೂ ಮಾಸಿಲ್ಲ. ಆದರೆ ಅದು ಇಂಗ್ಲಿಷರ ವಿವೇಕವನ್ನು ಚುಚ್ಚಿತೇ ಹೊರತು ಹನ್ನೆರಡನೆಯ ವಿಧಿಯ ಗೊಡವೆಗೆ ಹೋಗಲಿಲ್ಲ.

ಆ ವಿಧಿಯು ಸಡಿಲಗೊಂಡದ್ದು 1779ರಲ್ಲಿ. ಅಪರಾಧದ ತೂಕಕ್ಕೆ ತಕ್ಕಂತೆ ಬೇರೆ ಶಿಕ್ಷೆಯನ್ನೂ ವಿಧಿಸಬಹುದೆಂದಾಯಿತು. ಅದೇ ವರ್ಷದ ಮೊದಲ ತಿಂಗಳುಗಳಲ್ಲಿ, ಅದೇ ಪೋರ್ಟ್ಸ್‌ಮತ್ತಿನಲ್ಲಿ, ಆ ವೇಳೆಗೆ ಅಡ್ಮಿರಲ್ ಆಗಿದ್ದ ಕೆಪೆಲನೇ ಸೈನಿಕ ನ್ಯಾಯಾಲಯದ ಮುಂದೆ ಆರೋಪಿಯಾಗಿ ನಿಂತು, ನಿರ್ದೋಷಿಯೆನಿಸಿ ಹೊರಬಂದನು.

ಬಿಂಗನ ವಂಶಸ್ಥರು 2007ರಲ್ಲಿ, ಅವನು ಸತ್ತ 250ನೆಯ ವರ್ಷದಲ್ಲಿ, ಮರಣೋತ್ತರ ಕ್ಷಮಾದಾನವನ್ನು ಬೇಡಿದರು. ಮೊದಲನೆಯ ಮಹಾಯುದ್ಧದಲ್ಲಿ ಗುಂಡಿಗೆ ಗುರಿಯಾದ 306 ಮಂದಿ ಸೈನಿಕರಿಗೆ ಹಿಂದಿನ ವರ್ಷವಷ್ಟೇ ಬ್ರಿಟನ್ ಕ್ಷಮೆಯನ್ನು ನೀಡಿತ್ತು. ಬಿಂಗನ ಕುಟುಂಬಕ್ಕೆ ರಕ್ಷಣಾ ಇಲಾಖೆಯಿಂದ ಬಂದ ಉತ್ತರ, ಇಲ್ಲವೆಂದೇ.