ಬ್ರಿಟನ್ನಿನ ವೃದ್ಧರೂ ಆದಾಯದ ವಿಚಾರಣೆಯೂ

ಇಂಗ್ಲೆಂಡು-ವೇಲ್ಸ್‌ಗಳ ವೃದ್ಧರಿಗೆ ಸಲ್ಲುತ್ತಿದ್ದ ಚಳಿಗಾಲದ ಇಂಧನಭತ್ಯವನ್ನು ಲೇಬರ್ ಸರಕಾರವು 2024ರಲ್ಲಿ, ಅರ್ಜಿಯಿಟ್ಟು ಬಡವರೆಂದು ಸ್ಥಾಪಿಸಿಕೊಂಡವರಿಗೆ ಮಾತ್ರ ಮಿತಗೊಳಿಸಿ, ಮರುವರ್ಷವೇ ಬಹುಮಟ್ಟಿಗೆ ಹಿಮ್ಮೆಟ್ಟಿತು. ಇನ್ನೂರು ಮುನ್ನೂರು ಪೌಂಡುಗಳಿಗಾಗಿ ಇಷ್ಟು ಕೋಲಾಹಲವೇ ಎಂದು ಬೆರಗಾಗುವ ವಾಚಕರು ಆ ನಾಡಿನ ಹಳೆಯ ಗಾಯವೊಂದನ್ನು ನೆನೆಯಬೇಕು.

1834ರ ದರಿದ್ರಶಾಸನವು ಬಡವರನ್ನು ದುಡಿಮೆಮನೆಗೆ ನೂಕಿತು. ಅಲ್ಲಿಯ ಬಾಳು ಹೊರಗಿನ ಬಡ ಕೂಲಿಕಾರನ ಬಾಳಿಗಿಂತ ಕೀಳಾಗಿಯೇ ಇರತಕ್ಕದ್ದೆಂಬುದು ಅದರ ನೀತಿ. 1931ರ ತರುವಾಯ ನಿರುದ್ಯೋಗಿಗೆ ನೆರವು ಕೊಡುವ ಮುನ್ನ ಅಧಿಕಾರಿಗಳು ಮಗಳ ಸಂಬಳವನ್ನೂ ಲೆಕ್ಕಕ್ಕೆ ಹಿಡಿದರು. 1942ರಲ್ಲಿ ವಿಲಿಯಂ ಬೆವರಿಜರು (ವಂಗದೇಶದ ರಂಗಪುರದಲ್ಲಿ ಹುಟ್ಟಿದವರು!) ಸಾರ್ವತ್ರಿಕ ವಿಮೆಯನ್ನು ಸೂಚಿಸಿದರು. ಕಂತು ಕಟ್ಟಿದವನು ಪಡೆಯುವುದು ಭಿಕ್ಷೆಯಾಗದು.

1948ರ ಜುಲೈ 5ರಂದು ವಿಮೆಯೂ ರಾಷ್ಟ್ರೀಯ ಆರೋಗ್ಯಸೇವೆಯೂ ಜಾರಿಗೆ ಬಂದು, ದರಿದ್ರಶಾಸನವು ಅಳಿಯಿತು. ಮಹತ್ಕಾರ್ಯವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಲೆಕ್ಕವನ್ನು ನೋಡಿರಿ: ಒಂಟಿ ವೃದ್ಧನ ವಿಮಾವೇತನ ವಾರಕ್ಕೆ 26 ಷಿಲ್ಲಿಂಗು, ಆದಾಯವನ್ನು ವಿಚಾರಿಸಿ ಕೊಡುವ ರಾಷ್ಟ್ರೀಯ ನೆರವು 24 ಷಿಲ್ಲಿಂಗು, ಮನೆಬಾಡಿಗೆ ಬೇರೆ. ಬಾಡಿಗೆಯು ಎರಡು ಷಿಲ್ಲಿಂಗನ್ನು ದಾಟಿದೊಡನೆ, ಅನ್ಯ ಆದಾಯವಿಲ್ಲದ ವೃದ್ಧನಿಗೆ ಹಕ್ಕಿನ ಹಣ ಸಾಲದು. ಮತ್ತೆ ವಿಚಾರಣೆಯ ಬಾಗಿಲೇ ಗತಿ. ಬೆವರಿಜರು ಅಂಚಿಗಿರಿಸಿದ್ದ ನೆರವು ಹೀಗೆ ಮೊದಲ ದಿನದಿಂದಲೇ ನಡುಮನೆಗೆ ಬಂದಿತು.

ಆ ನೆರವಿನ ಈಗಿನ ರೂಪವಾದ ಪೂರಕ ವೇತನಕ್ಕೆ ಅರ್ಹರಾದ ಲಕ್ಷಗಟ್ಟಲೆ ವೃದ್ಧರು ಇಂದಿಗೂ ಅರ್ಜಿಯನ್ನೇ ಹಾಕುವುದಿಲ್ಲ. 2024ರಲ್ಲಿ ಭತ್ಯವನ್ನು ಕಳೆದುಕೊಂಡವರಲ್ಲಿ ಅಂತಹವರೂ ಇದ್ದರು.