ಅಸಲು ಎಷ್ಟು ಉಳಿದಿದೆ ಸ್ವಾಮಿ?

ಹೋದ ವಾರ ಕೆಂಗೇರಿ ಕಡೆ ನನ್ನ ಚಿಕ್ಕಪ್ಪನ ಮಗನ ಗೃಹಪ್ರವೇಶ. ಹೋಳಿಗೆ ಊಟ ಮುಗಿಸಿ ಬಾಲ್ಕನಿಯಲ್ಲಿ ನಿಂತಿದ್ದಾಗ, ಅಣ್ಣನಾದ ತಪ್ಪಿಗೆ, ಕೇಳಲೇಬೇಕಾದ ಪ್ರಶ್ನೆ ಕೇಳಿದೆ. "ಲೋನ್ ಎಷ್ಟಾಯ್ತೋ?"

"ನಲವತ್ಮೂರು ಸಾವಿರ ಅಣ್ಣಾ."

ನಾನು ಕೇಳಿದ್ದು ಸಾಲ. ಅವನು ಹೇಳಿದ್ದು ತಿಂಗಳ ಕಂತು. ಮತ್ತೆ ಬಿಡಿಸಿ ಕೇಳಿದ ಮೇಲೆ "ಓ ಅದಾ... ಐವತ್ತು ಲಕ್ಷ, ಇಪ್ಪತ್ತು ವರ್ಷ, ಎಂಟೂವರೆ ಪರ್ಸೆಂಟು" ಅಂದ. "ಒಟ್ಟು ಎಷ್ಟು ಕಟ್ಟಬೇಕಾಗತ್ತೆ?" ಅಂದೆ. ಸುಮ್ಮನೆ ನಕ್ಕ. ಪಕ್ಕದಲ್ಲಿದ್ದ ಅವನ ಮಾವ "ಅದೆಲ್ಲಾ ಯಾರು ಲೆಕ್ಕ ಹಾಕ್ತಾರೆ ಬಿಡ್ರಿ, ಬಾಡಿಗೆ ಕಟ್ಟೋ ದುಡ್ಡಲ್ಲಿ ಸ್ವಂತ ಮನೆ ಆಯ್ತಲ್ಲ" ಅಂದರು.

ಶುಭದ ಮನೆಯಲ್ಲಿ ಜಗಳ ಬೇಡ ಅಂತ ತಾಂಬೂಲ ತಗೊಂಡು ಬಂದೆ. ಆದರೆ ಆ ಮಾತು ಅಂದಿನಿಂದ ತಲೆ ಕೊರೀತಾ ಇದೆ. ಅಲ್ಲಿ ಹೇಳಲಾಗದ್ದನ್ನು ಇಲ್ಲಿ ಕಕ್ಕಿಕೊಳ್ತಾ ಇದ್ದೀನಿ. ನಿಮ್ಮಲ್ಲೂ ಅರ್ಧಕ್ಕರ್ಧ ಜನ ಹಗಲು ಸಾಫ್ಟ್‌ವೇರು, ರಾತ್ರಿ ಬ್ಲಾಗು ಅನ್ನೋರು, ಕಂತು ಕಟ್ಟುತ್ತಿರೋರೇ. ಬೈದುಕೊಂಡರೂ ಪೂರ್ತಿ ಓದಿ.

ಮೊದಲು ಅವನ ಲೆಕ್ಕ. 50 ಲಕ್ಷ, ಶೇ. 8.5, 240 ತಿಂಗಳು. ಕಂತು 43,391 ರೂಪಾಯಿ. ಗುಣಿಸಿ ನೋಡಿ: 1 ಕೋಟಿ 4 ಲಕ್ಷ. ತಂದದ್ದು ಐವತ್ತು, ಬರೀ ಬಡ್ಡಿಯೇ ಐವತ್ನಾಲ್ಕು. ಇಷ್ಟು ಎಲ್ಲರಿಗೂ ಗೊತ್ತು ಅಂತಿಟ್ಟುಕೊಳ್ಳೋಣ. ಗೊತ್ತಿಲ್ಲದ್ದು ಇದರ ಒಳಗಿನ ಹಂಚಿಕೆ. ಮೊದಲ ತಿಂಗಳು ಕಟ್ಟುವ 43,391ರಲ್ಲಿ ಬಡ್ಡಿಗೆ ಹೋಗೋದು 35,417. ಅಸಲಿಗೆ ಬೀಳೋದು 7,974. ಐದು ವರ್ಷ ಒಂದು ತಿಂಗಳೂ ತಪ್ಪದೆ 26 ಲಕ್ಷ ಕಟ್ಟಿದ ಮೇಲೆ ಅವನು "ಸುಮಾರು ತೀರಿಸಿದೆ" ಅಂದುಕೊಂಡಿರ್ತಾನೆ. ಉಳಿದಿರೋ ಸಾಲ 44 ಲಕ್ಷ! ಹತ್ತನೇ ವರ್ಷ, ಅಂದರೆ ಅರ್ಧ ದಾರಿಯಲ್ಲಿ, ಇನ್ನೂ 35 ಲಕ್ಷ ಬಾಕಿ. ಸಾಲ ಅರ್ಧಕ್ಕೆ ಇಳಿಯೋದು ಹೆಚ್ಚುಕಡಿಮೆ ಹದಿನಾಲ್ಕನೇ ವರ್ಷದ ಕೊನೆಗೆ. ಇವತ್ತು ಅವನ ಮಗ ಎಲ್‌ಕೇಜಿ. ಅರ್ಧ ಸಾಲ ತೀರೋ ಹೊತ್ತಿಗೆ ಆ ಹುಡುಗ ಪಿಯುಸಿ ಮುಗಿಸೋ ಹಂತದಲ್ಲಿರ್ತಾನೆ.

ಇದರಲ್ಲಿ ಮೋಸ ಇಲ್ಲ. ಬಾಕಿ ಇರೋ ಅಸಲಿಗೆ ಆ ತಿಂಗಳ ಬಡ್ಡಿ, ಅಷ್ಟೇ ಲೆಕ್ಕ. ಮೊದಮೊದಲು ಬಾಕಿ ದೊಡ್ಡದು, ಅದಕ್ಕೇ ಬಡ್ಡಿ ದೊಡ್ಡದು. ಮೋಸ ಇರೋದು ಸಾಲವನ್ನು ಕಂತಿನ ಹೆಸರಲ್ಲಿ ಕರೆಯೋದರಲ್ಲಿ.

ನಮ್ಮೂರು ತಿಪಟೂರು ಕಡೆ. ಅಪ್ಪ ಕೊಬ್ಬರಿ ಮಾರಿ ಬಂದ ದಿನ ಜಗಲಿ ಮೇಲೆ ಕೂತು ಚೀಟಿ ಹಿಂದೆ ಲೆಕ್ಕ ಬರೆಯೋರು. ಊರಲ್ಲಿ ಬಡ್ಡಿ ಹೇಳೋದು ನೂರಕ್ಕೆ ತಿಂಗಳಿಗೆ ಇಷ್ಟು ಅಂತ. ಎರಡು ರೂಪಾಯಿ ಬಡ್ಡಿ, ಮೂರು ರೂಪಾಯಿ ಬಡ್ಡಿ. ಆ ಲೆಕ್ಕದಲ್ಲಿ ಬ್ಯಾಂಕಿನ ಎಂಟೂವರೆ ಅಂದರೆ ನೂರಕ್ಕೆ ಬರೀ 71 ಪೈಸೆ. ಅಗ್ಗವೇ, ಇಲ್ಲ ಅನ್ನಲ್ಲ. ಆದರೆ ಅಪ್ಪ ಯಾರ ಹತ್ತಿರ ಕೈಗಡ ತಂದಿದ್ದರೂ ಪ್ರತಿ ಸಲ ದುಡ್ಡು ಕೊಡುವಾಗ ಒಂದೇ ಪ್ರಶ್ನೆ ಕೇಳೋರು: "ಅಸಲು ಎಷ್ಟು ಉಳೀತು?" ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟ ಮನುಷ್ಯ. ಎಂಜಿನಿಯರಿಂಗ್ ಓದಿದ ನಾನು ನನ್ನ ಸಾಲದ ಬಗ್ಗೆ ಆ ಪ್ರಶ್ನೆಯನ್ನು ಎರಡು ವರ್ಷ ಕೇಳಲೇ ಇಲ್ಲ.

ಹೌದು, ಈಗ ನನ್ನ ಕಥೆ. ಇದನ್ನು ಹೇಳದೆ ಬೇರೆಯವರಿಗೆ ಉಪದೇಶ ಮಾಡಿದರೆ ತಪ್ಪಾಗತ್ತೆ.

2021ರಲ್ಲಿ ನಾನೂ 50 ಲಕ್ಷ ತಗೊಂಡೆ. ರಿಸರ್ವ್ ಬ್ಯಾಂಕಿನ ರೆಪೊ ದರ ಆಗ ಶೇ. 4. ನನಗೆ ಸಿಕ್ಕಿದ್ದು 6.75. "ಇಷ್ಟು ಕಮ್ಮಿ ಬಡ್ಡಿ ಮತ್ತೆ ಸಿಗಲ್ಲ ಸರ್" ಅಂದರು. (ನಿಜವಾಯ್ತು.) ಕಂತು 38,018, ಇಪ್ಪತ್ತು ವರ್ಷ, 2041ಕ್ಕೆ ಮುಕ್ತಾಯ. ಆಗ ನನಗೆ 58. ಸರಿಯಾಗಿದೆಯಲ್ಲ ಅಂತ ನೆಮ್ಮದಿಯಾಗಿದ್ದೆ. 2022ರ ಮೇ ತಿಂಗಳಿಂದ ರೆಪೊ ಏರೋಕೆ ಶುರುವಾಯ್ತು. 2023ರ ಫೆಬ್ರವರಿ ಹೊತ್ತಿಗೆ 6.5. ಒಟ್ಟು ಎರಡೂವರೆ. ನನ್ನ ಬಡ್ಡಿಯೂ ಹಾಗೇ ಏರಿ 9.25 ಆಯ್ತು. ಪೇಪರಿನಲ್ಲಿ ಓದುತ್ತಿದ್ದೆ, ಆದರೆ ಖಾತೆಯಿಂದ ಹೋಗ್ತಾ ಇದ್ದ ಕಂತು ಮಾತ್ರ ಅಷ್ಟೇ ಇತ್ತು. ಆಮೇಲೆ ಸ್ವಲ್ಪ ಏರಿ 39,700 ಆಯ್ತು. "ನಮ್ಮ ಬ್ಯಾಂಕು ಪರವಾಗಿಲ್ಲ" ಅಂತ ಹೆಂಡತಿ ಮುಂದೆ ಹೊಗಳಿದ್ದೂ ಉಂಟು!

2023ರಲ್ಲಿ ಯಾವುದೋ ಕೆಲಸಕ್ಕೆ ಸಾಲದ ಸ್ಟೇಟ್‌ಮೆಂಟ್ ಬೇಕಾಯ್ತು. ಡೌನ್‌ಲೋಡ್ ಮಾಡಿ ನೋಡಿದರೆ, ಉಳಿದ ಕಂತುಗಳು: 336.

ಎರಡು ವರ್ಷ ಕಟ್ಟಿದ ಮೇಲೆ 216 ಉಳಿಯಬೇಕಿತ್ತು. ಉಳಿದಿದ್ದು 28 ವರ್ಷ. ಸಾಲ ಮುಗಿಯೋದು 2051ಕ್ಕೆ, ನನ್ನ 68ನೇ ವಯಸ್ಸಿಗೆ. ಹೆಂಡತಿ ಕನ್ನಡಕ ಹಾಕಿಕೊಂಡು ಎರಡು ಸಲ ಓದಿ ಒಂದೇ ಮಾತು ಕೇಳಿದಳು: "ಹಂಗಾದ್ರೆ ಇದನ್ನ ಪುಟ್ಟಿ ಕಟ್ಟಬೇಕಾ ರೀ?"

ಬ್ರಾಂಚಿಗೆ ಹೋದೆ. ಅಲ್ಲಿದ್ದವರು ಸಮಾಧಾನದಿಂದಲೇ ಮಾತಾಡಿದರು. "ಮೆಸೇಜ್ ಬಂದಿರತ್ತೆ ನೋಡಿ ಸರ್. ಬಡ್ಡಿ ಏರಿದಾಗ ಕಸ್ಟಮರಿಗೆ ಹೊರೆ ಆಗಬಾರದು ಅಂತ ಅವಧಿ ಜಾಸ್ತಿ ಮಾಡ್ತೀವಿ." ಹೊರೆ ಆಗಬಾರದು ಅಂತೆ! ಲೆಕ್ಕ ಹಾಕಿ ತೋರಿಸ್ತೀನಿ ನೋಡಿ. ಬಾಕಿ ಇದ್ದದ್ದು ಹೆಚ್ಚುಕಡಿಮೆ 47.6 ಲಕ್ಷ. 2041ಕ್ಕೇ ಮುಗಿಸಬೇಕು ಅಂದರೆ ಕಂತು 45,300 ಆಗಬೇಕಿತ್ತು. ಅವರು ಮಾಡಿದ್ದು 39,700. ತಿಂಗಳಿಗೆ 5,600 ಕಮ್ಮಿ, ಸರಿ. ಆದರೆ 45,300ನ್ನು 216 ತಿಂಗಳು ಕಟ್ಟಿದರೆ ಸುಮಾರು 98 ಲಕ್ಷ. 39,700ನ್ನು 336 ತಿಂಗಳು ಕಟ್ಟಿದರೆ 1 ಕೋಟಿ 33 ಲಕ್ಷ. ಬಡ್ಡಿ ದರ ಹಾಗೇ ಉಳಿದರೆ ವ್ಯತ್ಯಾಸ 35 ಲಕ್ಷ! ನನ್ನನ್ನು ಕೇಳದೆ ನನಗೆ ಮಾಡಿದ "ಅನುಕೂಲ"ದ ಬೆಲೆ ಇದು.

ಇನ್ನೂ ಒಂದು ತಮಾಷೆ ಇದೆ. ಕಂತನ್ನು ಹಳೆಯ 38,018ರಲ್ಲೇ ಬಿಟ್ಟಿದ್ದರೆ ಸಾಲ ತೀರೋಕೆ ಮೂವತ್ತಾರು ವರ್ಷಕ್ಕೂ ಹೆಚ್ಚು ಬೇಕಾಗ್ತಿತ್ತು. ನಾನು ಸಾಲ ತಗೊಂಡ ಮಾರನೇ ದಿನವೇ ಬಡ್ಡಿ 9.25 ಆಗಿದ್ದರೆ ತಿಂಗಳ ಬಡ್ಡಿಯೇ 38,542. ಅಂದರೆ ಕಂತು ಬಡ್ಡಿಗೂ ಸಾಲದು. ಕಟ್ಟುತ್ತಾ ಹೋದ ಹಾಗೆ ಸಾಲ ಬೆಳೆಯುತ್ತಾ ಹೋಗೋದು.

ಇದು ನನ್ನೊಬ್ಬನ ಗೋಳಲ್ಲ ಅನ್ನೋದಕ್ಕೆ ಸಾಕ್ಷಿ, 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕೇ ಸುತ್ತೋಲೆ ಹೊರಡಿಸಬೇಕಾಯ್ತು. ಬಡ್ಡಿ ಬದಲಾದಾಗ ಕಂತು ಏರಿಸಬೇಕಾ, ಅವಧಿ ಏರಿಸಬೇಕಾ, ಎರಡೂ ಸ್ವಲ್ಪ ಸ್ವಲ್ಪವಾ ಅಂತ ಸಾಲಗಾರನನ್ನು ಕೇಳಬೇಕು. ಸಾಲ ಬೆಳೆಯೋ ಹಾಗೆ ಅವಧಿ ಎಳೆಯಬಾರದು. ಮೂರು ತಿಂಗಳಿಗೊಮ್ಮೆ ಇಲ್ಲೀವರೆಗೆ ಎಷ್ಟು ಅಸಲು ಹೋಯ್ತು, ಎಷ್ಟು ಬಡ್ಡಿ ಹೋಯ್ತು, ಎಷ್ಟು ಕಂತು ಉಳಿದಿದೆ ಅಂತ ತಿಳಿಸಬೇಕು. ನಮ್ಮಪ್ಪನ ಪ್ರಶ್ನೆಯನ್ನೇ ಸರ್ಕಾರಿ ಭಾಷೆಯಲ್ಲಿ ಬರೆದ ಹಾಗಿದೆ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಎಲ್ಲ ಖರ್ಚು ಸೇರಿಸಿದ ವಾರ್ಷಿಕ ದರ, ತಿಂಗಳು ತಿಂಗಳಿನ ಅಸಲು-ಬಡ್ಡಿ ಪಟ್ಟಿ ಇರುವ ಮುಖ್ಯಾಂಶಗಳ ಪತ್ರವನ್ನೂ ಸಹಿ ಮಾಡುವ ಮುಂಚೆ ಕೊಡಬೇಕು. ಕೊಡ್ತಾರೆ ಕೂಡ. ಕೆಂಗೇರಿಯ ಹುಡುಗನ ಫೈಲಿನಲ್ಲೂ ಅದು ಇತ್ತು. ಪ್ರತಿ ಪುಟಕ್ಕೂ ಸಹಿ ಹಾಕಿದ್ದ, ಒಂದನ್ನೂ ಓದಿರಲಿಲ್ಲ. ನಲವತ್ತು ಸಹಿ ಹಾಕಿಸುವಾಗ ಮೇಜಿನ ಆಚೆ ಕೂತವನು ಗಡಿಯಾರ ನೋಡ್ತಾ ಇದ್ದರೆ ಯಾರು ತಾನೇ ಓದ್ತಾರೆ?

ಈಗ ಮಾವನವರ ಮಾತಿಗೆ ಬರ್ತೀನಿ. ಬಾಡಿಗೆ ದುಡ್ಡಲ್ಲಿ ಸ್ವಂತ ಮನೆ!

ಅವನು ಅದೇ ಏರಿಯಾದಲ್ಲಿ ಬಾಡಿಗೆ ಕೊಡ್ತಾ ಇದ್ದದ್ದು 19 ಸಾವಿರ. ಕಂತು 43. ಬಾಡಿಗೆ ದುಡ್ಡು ಎಲ್ಲಿ ಬಂತು? "ಬಾಡಿಗೆ ನೀರಿಗೆ ಹಾಕಿದ ಹಾಗೆ" ಅಂತಾರೆ. ಸರಿ ಸ್ವಾಮಿ, ಮೊದಲ ತಿಂಗಳ 35,417 ಬಡ್ಡಿ ಎಲ್ಲಿಗೆ ಹೋಯ್ತು? ಅದೂ ಬಾಡಿಗೆಯೇ, ಮನೆಗಲ್ಲ, ದುಡ್ಡಿಗೆ. ಅದರ ಮೇಲೆ ಅಪಾರ್ಟ್‌ಮೆಂಟಿನ ಮೇಂಟೆನೆನ್ಸು, ಕಂದಾಯ, ಹತ್ತು ವರ್ಷಕ್ಕೆ ಲಿಫ್ಟು ರಿಪೇರಿ, ಬಣ್ಣ. ಮನೆ ಓನರ್ ಬೈಯೋದು ತಪ್ಪತ್ತೆ, ಅಸೋಸಿಯೇಷನ್ ಮೀಟಿಂಗಿನಲ್ಲಿ ಬೈಸಿಕೊಳ್ಳೋದು ಶುರುವಾಗತ್ತೆ. (ನಾನು ಒಂದು ವರ್ಷ ಖಜಾಂಚಿಯಾಗಿದ್ದೆ. ಅದರ ಬಗ್ಗೆ ಇನ್ನೊಂದು ದಿನ ಬರೀತೀನಿ.)

ಫ್ಲಾಟಿನ ಬೆಲೆ 65 ಲಕ್ಷ. ಸಾಲ 50. ಉಳಿದ 15 ಕೈಯಿಂದ. ಅಲ್ಲಿಗೆ ಮುಗೀತಾ? ಕರ್ನಾಟಕದಲ್ಲಿ 45 ಲಕ್ಷ ದಾಟಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ಸು ಸರ್ಚಾರ್ಜು. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಒಂದರಿಂದ ಎರಡಕ್ಕೆ ಏರಿದೆ. ಎಲ್ಲ ಸೇರಿ ಏಳೂವರೆ ದಾಟುತ್ತೆ, ಅಂದರೆ ಐದು ಲಕ್ಷದ ಹತ್ತಿರ. ಇದನ್ನು ಬ್ಯಾಂಕು ಮನೆಯ ಬೆಲೆಗೆ ಸೇರಿಸಿ ಸಾಲ ಕೊಡೋ ಹಾಗಿಲ್ಲ. ಆದ್ದರಿಂದ ಈ ಐದು ಲಕ್ಷ ಬರೋದು ಪರ್ಸನಲ್ ಲೋನಿಂದ, ಇಲ್ಲಾ ಹೆಂಡತಿಯ ಒಡವೆಯಿಂದ. ಗೃಹಪ್ರವೇಶದ ದಿನ ಅವನ ಹೆಂಡತಿಯ ಕತ್ತಿನಲ್ಲಿ ಬರೀ ಕರಿಮಣಿ ಇತ್ತು. ಮನೆಯ ಒಟ್ಟು ಖರ್ಚು ಬರೆಯುವವರು ಆ ಅಡವಿನ ಬಡ್ಡಿಯನ್ನೂ ಬರೆಯಬೇಕು.

ಇವನದು ಕಟ್ಟಿ ಮುಗಿದ ಮನೆ, ಪುಣ್ಯ. ಕಟ್ಟುತ್ತಿರುವ ಮನೆಯಾದರೆ ಸಾಮಾನ್ಯವಾಗಿ ಶೇ. 5 ಜಿಎಸ್‌ಟಿ. ಅದಕ್ಕಿಂತ ಕೆಟ್ಟದ್ದು ಪ್ರೀ-ಇಎಂಐ. ಬ್ಯಾಂಕು ಬಿಲ್ಡರಿಗೆ ಕೊಟ್ಟಷ್ಟಕ್ಕೆ ಬರೀ ಬಡ್ಡಿ ಕಟ್ಟುತ್ತಾ ಕೂರಬೇಕು, ಅಸಲು ಒಂದು ಪೈಸೆ ಇಳಿಯಲ್ಲ. ನನ್ನ ಆಫೀಸಿನ ಗೆಳೆಯನೊಬ್ಬ ಮೂರು ವರ್ಷ ಹೀಗೆ ಕಟ್ಟಿದ, ಜೊತೆಗೆ ಬಾಡಿಗೆಯೂ ಕಟ್ಟಿದ. ಸರಾಸರಿ 30 ಲಕ್ಷಕ್ಕೆ ಎಂಟೂವರೆ ಅಂದರೂ ಮೂರು ವರ್ಷಕ್ಕೆ 7.65 ಲಕ್ಷ. ಕೀ ಕೈಗೆ ಬಂದ ದಿನ ಅವನ ಸಾಲ, ತಗೊಂಡಷ್ಟೇ ಇತ್ತು.

"ಟ್ಯಾಕ್ಸ್ ಉಳಿಯತ್ತಲ್ಲ ಮಾರಾಯ" ಅನ್ನೋರಿಗೆ ಎರಡು ಮಾತು. ಹಳೇ ತೆರಿಗೆ ಪದ್ಧತಿಯಲ್ಲಿ ನೀವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ ವಿನಾಯಿತಿ. ಇವನ ಮೊದಲ ವರ್ಷದ ಬಡ್ಡಿ 4.21 ಲಕ್ಷ. ಶೇ. 30ರ ಸ್ಲ್ಯಾಬಿನಲ್ಲಿದ್ದರೂ ಉಳಿಯೋದು ಸೆಸ್ ಸೇರಿ 62,400. ರೂಪಾಯಿ ಬಡ್ಡಿ ಕೊಟ್ಟು ಹದಿನೈದು ಪೈಸೆ ವಾಪಸ್ ತಗೊಂಡು ಕುಣಿದಾಡೋದು. ಹೊಸ ಪದ್ಧತಿಯಲ್ಲಂತೂ ವಾಸದ ಮನೆಗೆ ಆ ವಿನಾಯಿತಿಯೇ ಇಲ್ಲ.

ಇಲ್ಲಿಗೆ ಯಾರಾದರೂ "ಹಣದುಬ್ಬರ ಮರೆತಿರಿ, ಇಪ್ಪತ್ತು ವರ್ಷ ಆದ ಮೇಲೆ 43 ಸಾವಿರ ಚಿಲ್ಲರೆ ಕಾಸು" ಅಂತ ಕಾಮೆಂಟ್ ಹಾಕೇ ಹಾಕ್ತೀರಿ. ಮಾತು ನಿಜ. ಕೋಟಿ ನಾಲ್ಕು ಲಕ್ಷ ಅನ್ನೋದು ಇವತ್ತಿನ ಬೆಲೆಯ ಕೋಟಿಯಲ್ಲ, ಒಪ್ಪಿದೆ. ಮನೆಯ ಬೆಲೆಯೂ ಏರಬಹುದು. ಆದರೆ ಆ ಚಿಲ್ಲರೆ ಕಾಸಿನ ಮಾತು ಹೇಳೋಕೆ ಸಂಬಳ ವರ್ಷ ವರ್ಷ ಏರ್ತಾ ಇರಬೇಕು. ನಲವತ್ತೈದು ದಾಟಿದ ಸಾಫ್ಟ್‌ವೇರಿನವನನ್ನು ಕೇಳಿ ನೋಡಿ, ಪ್ರತಿ ಸೋಮವಾರ ಎದ್ದಾಗ ಅವನಿಗೆ ಮೊದಲು ನೆನಪಾಗೋದು ಏನು ಅಂತ. ಕೆಲಸ ಬಿಟ್ಟು ಊರಿಗೆ ಹೋಗೋಣ ಅಂತ ಹತ್ತು ವರ್ಷದಿಂದ ಬ್ಲಾಗಿನಲ್ಲಿ ಬರೀತಾ ಇರೋ ನಮ್ಮಂಥವರು ಹೋಗದೆ ಇರೋದು ಬೆಂಗಳೂರಿನ ಮೇಲಿನ ಪ್ರೀತಿಯಿಂದಲ್ಲ.

ಮನೆ ತಗೋಬೇಡಿ ಅಂತ ನಾನು ಹೇಳ್ತಾ ಇಲ್ಲ. ನಾನೂ ತಗೊಂಡಿದ್ದೀನಿ, ಮಾರುವ ಯೋಚನೆಯೂ ಇಲ್ಲ. ಆದರೆ "ಮೂವತ್ತು ವರ್ಷ ಮಾಡ್ಕೊಳಿ ಸರ್, ಕಂತು ಕಮ್ಮಿ ಆಗತ್ತೆ" ಅನ್ನೋ ಮಾತಿಗೆ ತಲೆ ಆಡಿಸಬೇಡಿ. ಅದೇ 50 ಲಕ್ಷಕ್ಕೆ ಮೂವತ್ತು ವರ್ಷ ಮಾಡಿದರೆ ಕಂತು ಇಳಿಯೋದು ತಿಂಗಳಿಗೆ ಐದು ಸಾವಿರಕ್ಕೂ ಕಮ್ಮಿ, ಬಡ್ಡಿ ಏರೋದು 54ರಿಂದ 88 ಲಕ್ಷಕ್ಕೆ. ಹದಿನೈದು ವರ್ಷಕ್ಕೆ ಇಳಿಸಿದರೆ ಕಂತು ಆರು ಸಾವಿರದ ಹತ್ತಿರ ಹೆಚ್ಚು, ಬಡ್ಡಿ 39 ಲಕ್ಷದ ಒಳಗೆ.

ಕೈಯಲ್ಲಿ ದುಡ್ಡಿದ್ದರೆ ಮುಂಚೆಯೇ ಹಾಕಿ. ಮೊದಲ ತಿಂಗಳೇ 1 ಲಕ್ಷ ಅಸಲಿಗೆ ಹಾಕಿದರೆ ಕೊನೆಯ ಹನ್ನೆರಡು ಕಂತು ಹೋಗತ್ತೆ, ಅಂದರೆ 5.2 ಲಕ್ಷ. ಅದೇ ಲಕ್ಷವನ್ನು ಹದಿನೈದನೇ ವರ್ಷ ಹಾಕಿದರೆ ಮೂರೂವರೆ ಕಂತು. ವರ್ಷಕ್ಕೊಂದು ಹೆಚ್ಚುವರಿ ಕಂತು ಕಟ್ಟಿದರೂ ಮೂರು ವರ್ಷಕ್ಕಿಂತ ಮುಂಚೆ ಮುಗಿದು ಹತ್ತು ಲಕ್ಷದಷ್ಟು ಬಡ್ಡಿ ಉಳಿಯತ್ತೆ. ಬದಲಾಗುವ ಬಡ್ಡಿಯ ಮನೆಸಾಲಕ್ಕೆ ಮುಂಚಿತವಾಗಿ ಕಟ್ಟಿದರೆ ಬ್ಯಾಂಕು ದಂಡ ಹಾಕೋ ಹಾಗಿಲ್ಲ, 2012ರಿಂದಲೇ. ನಾನು 2023ರಲ್ಲಿ ಕಂತನ್ನು 45,300ಕ್ಕೆ ಏರಿಸಿಕೊಂಡೆ. 2025ರಲ್ಲಿ ರೆಪೊ ಒಟ್ಟು 1.25 ಇಳಿದಾಗ ಕಂತು ಇಳಿಸಬೇಡಿ ಅಂತ ಬರೆದುಕೊಟ್ಟೆ. ಈಗ ನನ್ನ ಸಾಲ 2041ಕ್ಕಿಂತ ಮುಂಚೆಯೇ ಮುಗಿಯೋ ಹಾಗಿದೆ. ಎರಡು ವರ್ಷ ಎಲ್ಲೂ ಪ್ರವಾಸ ಹೋಗಲಿಲ್ಲ. ಅದನ್ನೂ ಖರ್ಚಿನ ಕಾಲಂಗೇ ಬರೀಬೇಕು ಅಂತ ಮನೆಯವಳ ವಾದ.

ಇದನ್ನು ಬರೀತಾ ಇದ್ದಾಗಲೇ ಕೆಂಗೇರಿಯ ಹುಡುಗನ ಫೋನು. ಮೊನ್ನೆ ನಾನು ಕಳಿಸಿದ ಅಸಲು-ಬಡ್ಡಿ ಪಟ್ಟಿಯನ್ನು ಗಂಡ ಹೆಂಡತಿ ಕೂತು ನೋಡಿದ್ದಾರೆ. "ಅಣ್ಣಾ, ಆ ಐವತ್ತರಲ್ಲಿ ಒಂದೂವರೆ ಲಕ್ಷ ಇನ್ಶೂರೆನ್ಸ್ ಅಂತ ಇದೆ. ಲೋನಿಗೆ ಕಂಪಲ್ಸರಿ ಅಂದಿದ್ರು." ಯಾವ ಕಾನೂನೂ ಕಡ್ಡಾಯ ಮಾಡಿಲ್ಲ ಕಣೋ ಅಂದೆ. ಸಾಲಕ್ಕೆ ಸೇರಿದ್ದರಿಂದ ಇಪ್ಪತ್ತು ವರ್ಷಕ್ಕೆ ಆ ಒಂದೂವರೆ ಲಕ್ಷ 3.12 ಲಕ್ಷ ಆಗತ್ತೆ, ಅವನ ವಯಸ್ಸಿಗೆ ಬೇರೆ ಕಡೆ ಟರ್ಮ್ ಪಾಲಿಸಿ ವಿಚಾರಿಸಿ ನೋಡಬಹುದು. ಪಾಲಿಸಿ ಕೈಗೆ ಬಂದ 30 ದಿನದೊಳಗೆ ಬೇಡ ಅಂತ ವಾಪಸ್ ಕೊಡಬಹುದು, ಬಂದು ಎಷ್ಟು ದಿನ ಆಯ್ತು ಅಂತ ಕೇಳಿದೆ.

"ಇಪ್ಪತ್ತಾರು" ಅಂದ. ಪಾಲಿಸಿ ಪೇಪರ್ ಇನ್ನೂ ಬಿಚ್ಚದ ಯಾವ ಡಬ್ಬದಲ್ಲಿದೆ ಅಂತ ಗಂಡ ಹೆಂಡತಿ ಹುಡುಕ್ತಾ ಇದ್ದಾರೆ.