ಬಕ್ ಎಳೆದ ಬಂಡಿಯ ಲೆಕ್ಕ

ಹಿಮ, ಕಾಡು, ತೋಳ, ಬಂಡಿ ಎಳೆಯುವ ನಾಯಿಗಳು ಇಷ್ಟಿದ್ದರೆ ಸಾಕು, ಆ ಕಾದಂಬರಿಗೆ ಬೆನ್ನುಡಿ ಮೊದಲೇ ಸಿದ್ಧವಾಗಿರುತ್ತದೆ. ನಾಗರಿಕತೆಯ ಸೋಗು ಕಳಚುತ್ತದೆ, ಜೀವ ತನ್ನ ಮೂಲಕ್ಕೆ ಮರಳುತ್ತದೆ, ಗಟ್ಟಿಗ ಉಳಿಯುತ್ತಾನೆ, ದುರ್ಬಲ ಸಾಯುತ್ತಾನೆ ಎಂಬ ಧಾಟಿಯ ಬೆನ್ನುಡಿ ಅದು. ಜಾಕ್ ಲಂಡನ್ 1903ರಲ್ಲಿ ಬರೆದ ‘ದಿ ಕಾಲ್ ಆಫ್ ದಿ ವೈಲ್ಡ್’, 1906ರ ‘ವೈಟ್ ಫ್ಯಾಂಗ್’, ಅವನ ದಾರಿ ಹಿಡಿದ ಜೇಮ್ಸ್ ಆಲಿವರ್ ಕರ್ವುಡ್‌ನ 1914ರ ‘ಕಜಾನ್’, ಹೀಗೆ ಒಂದು ಕಪಾಟಿನ ತುಂಬ ಪುಸ್ತಕಗಳನ್ನು ಲೋಕ ಇದೇ ಕಣ್ಣಿನಿಂದ ಓದುತ್ತ ಬಂದಿದೆ. ಉಳಿದವರ ಮಾತು ಹೇಗೂ ಇರಲಿ, ಈ ಪರಂಪರೆಯ ತಲೆಯಾಳಾದ ಲಂಡನ್‌ನ ಮಟ್ಟಿಗೆ ಈ ಓದು ಅರ್ಧ ಪುಸ್ತಕವನ್ನೇ ಬಿಟ್ಟುಬಿಡುತ್ತದೆ ಎಂಬುದು ನನ್ನ ವಾದ. ಅವನ ಉತ್ತರದ ಕತೆಗಳ ನಡುಗಂಬ ದುಡಿಮೆ. ಯಾರು ದುಡಿದರು, ಯಾರು ಉಂಡರು, ದುಡಿದ ಜೀವ ಸೋತಾಗ ಅದನ್ನು ಯಾರು ಯಾವ ಬೆಲೆಗೆ ಮಾರಿದರು ಎಂಬುದನ್ನು ಅವನು ಅಂಕಿಸಂಖ್ಯೆ ಸಮೇತ ಬರೆದಿಟ್ಟಿದ್ದಾನೆ. ಅದನ್ನು ಓದದೆ ಹಾರಿಸಿದವರು ನಾವು.

ಕತೆಯ ಹಿನ್ನೆಲೆಯನ್ನು ನೋಡಿದರೆ ಇದು ಸ್ಪಷ್ಟವಾಗುತ್ತದೆ. 1896ರ ಆಗಸ್ಟ್‌ನಲ್ಲಿ ಕೆನಡಾದ ಯೂಕಾನ್ ಪ್ರದೇಶದ ಕ್ಲಾಂಡೈಕ್ ಹೊಳೆಯ ಉಪತೊರೆಯೊಂದರಲ್ಲಿ ಚಿನ್ನ ಸಿಕ್ಕಿತು. ಮರುವರ್ಷ ಜುಲೈನಲ್ಲಿ ಚಿನ್ನ ಹೊತ್ತ ಹಡಗುಗಳು ಸ್ಯಾನ್ ಫ್ರಾನ್ಸಿಸ್ಕೊ ಮತ್ತು ಸಿಯಾಟಲ್ ಬಂದರುಗಳನ್ನು ಮುಟ್ಟಿದ್ದೇ ತಡ, ಸುಮಾರು ಒಂದು ಲಕ್ಷ ಜನ ಉತ್ತರಕ್ಕೆ ಹೊರಟರು. ಡಾಸನ್ ಪಟ್ಟಣವನ್ನು ತಲುಪಿದವರು ಮೂವತ್ತರಿಂದ ನಲವತ್ತು ಸಾವಿರದಷ್ಟು ಮಾತ್ರ. ಒಂದು ವರ್ಷಕ್ಕೆ ಸಾಲುವಷ್ಟು ಸಾಮಾನು, ಅಂದರೆ ಹೆಚ್ಚುಕಡಿಮೆ ಒಂದು ಟನ್, ಜೊತೆಯಲ್ಲಿ ಇಲ್ಲದವರನ್ನು ಕೆನಡಾದ ಪೊಲೀಸರು ಗಡಿ ದಾಟಲು ಬಿಡುತ್ತಿರಲಿಲ್ಲ. ಹಾಗಾಗಿ ಆ ದಾರಿಯ ಮೊದಲ ಪ್ರಶ್ನೆ ಹೊರೆ ಹೊರುವವರು ಯಾರು ಎಂಬುದೇ ಆಗಿತ್ತು. ವೈಟ್ ಪಾಸ್ ಕಣಿವೆಯಲ್ಲಿ ಹೊರೆ ಹೊತ್ತು ಸತ್ತ ಕುದುರೆಗಳೇ ಮೂರು ಸಾವಿರದಷ್ಟು. ಆ ಹಾದಿಗೆ ಸತ್ತ ಕುದುರೆಗಳ ಹಾದಿ ಎಂದೇ ಹೆಸರು ಬಿತ್ತು. ಕುದುರೆ ನಡೆಯಲಾರದ ಹಿಮದಲ್ಲಿ ನಾಯಿ ನಡೆಯುತ್ತದೆ. ನಾಯಿಗೆ ಬೆಲೆ ಬಂತು. ಲಂಡನ್ ‘ದಿ ಕಾಲ್ ಆಫ್ ದಿ ವೈಲ್ಡ್’ ಕಾದಂಬರಿಯ ಮೊದಲ ಪ್ಯಾರಾದಲ್ಲೇ ಇದನ್ನು ಹೇಳಿಬಿಡುತ್ತಾನೆ: ಉತ್ತರದಲ್ಲಿ ಚಿನ್ನ ಸಿಕ್ಕಿದ್ದರಿಂದ, ಹಡಗು ಕಂಪನಿಗಳು ಅದನ್ನು ಊರೆಲ್ಲ ಸಾರಿದ್ದರಿಂದ, ಮೈಗಟ್ಟಿಯಿರುವ ಪ್ರತಿಯೊಂದು ನಾಯಿಗೂ ಕಷ್ಟಕಾಲ ಬಂತು ಎಂದು. ಕಾಡಿನ ಕರೆಗೆ ಬಹಳ ಮುಂಚೆಯೇ ಪೇಟೆಯ ಕರೆ ಬಂದಾಗಿತ್ತು.

ಕತೆಯ ನಾಯಕ ಬಕ್, ಕ್ಯಾಲಿಫೋರ್ನಿಯಾದ ನ್ಯಾಯಾಧೀಶರೊಬ್ಬರ ಮನೆಯಲ್ಲಿ ಸುಖವಾಗಿ ಬೆಳೆದ, 140 ಪೌಂಡು ತೂಗುವ ನಾಯಿ. ಅದನ್ನು ಕದ್ದು ಮಾರುವವನು ತೋಟದಾಳು ಮ್ಯಾನ್ಯುಯೆಲ್. ಅವನು ಲಾಟರಿ ಚಟದವನು, ಬರುವ ಸಂಬಳ ಹೆಂಡತಿ ಮಕ್ಕಳ ಹೊಟ್ಟೆಗೇ ಸಾಲದು ಎಂದು ಲಂಡನ್ ಕಾರಣವನ್ನೂ ಕೊಡುತ್ತಾನೆ. ಸಿಯಾಟಲ್‌ನಲ್ಲಿ ಕೆಂಪು ಸ್ವೆಟರ್ ತೊಟ್ಟವನೊಬ್ಬ ದೊಣ್ಣೆಯಿಂದ ಬಕ್‌ನ ಮೈ ಮುರಿಯುತ್ತಾನೆ. ಅವನಿಗೆ ದ್ವೇಷವೇನಿಲ್ಲ, ನಾಯಿಗಳನ್ನು ಪಳಗಿಸಿ ಮಾರುವುದು ಅವನ ಕಸುಬು. ಅಲ್ಲಿಂದ ಮುನ್ನೂರು ಡಾಲರಿಗೆ ಬಕ್ ಕೆನಡಾ ಸರ್ಕಾರದ ಅಂಚೆ ಒಯ್ಯುವವರ ಪಾಲಾಗುತ್ತದೆ. ಮುಂದೆ ಕೈ ಬದಲಾಗಿ, ಡಾಸನ್‌ಗೂ ಕರಾವಳಿಗೂ ನಡುವೆ ಮತ್ತೆ ಭಾರದ ಟಪಾಲು ಬಂಡಿ. ಕೊನೆಗೆ ಸ್ಕ್ಯಾಗ್ವೆ ಸೇರುವ ಹೊತ್ತಿಗೆ ಐದು ತಿಂಗಳೊಳಗೆ 2,500 ಮೈಲಿ ನಡೆದಾಗಿದೆ, ಕಡೆಯ 1,800 ಮೈಲಿಗೆ ಸಿಕ್ಕ ವಿಶ್ರಾಂತಿ ಐದೇ ದಿನ, ಬಕ್‌ನ ತೂಕ 115 ಪೌಂಡಿಗೆ ಇಳಿದಿದೆ. ಆಗ ಸರ್ಕಾರದಿಂದ ಆದೇಶ ಬರುತ್ತದೆ: ಹೊಸ ನಾಯಿಗಳನ್ನು ಹೂಡಿ, ಕೆಲಸಕ್ಕೆ ಬಾರದವನ್ನು ಮಾರಿಬಿಡಿ. ಇದು ಕಾಡಿನ ಕ್ರೌರ್ಯವೆಂದು ಯಾರಾದರೂ ಹೇಳಬಹುದೇ? ಕಡತದ ಭಾಷೆಯಲ್ಲಿ ಬಂದ ಆದೇಶ ಇದು. ಹೊರಡಿಸಿದವನು ಆ ನಾಯಿಗಳನ್ನು ಕಣ್ಣಿಂದ ಕಂಡಿರಲಿಕ್ಕೂ ಇಲ್ಲ.

ಅದೇ ದಾರಿಯಲ್ಲಿ ಡೇವ್ ಎಂಬ ನಾಯಿಯ ಪ್ರಸಂಗ ಬರುತ್ತದೆ. ಒಳಗೆಲ್ಲೋ ಪೆಟ್ಟಾಗಿದೆ, ಏನೆಂದು ಯಾರಿಗೂ ತಿಳಿಯದು. ಮಿಣಿ ಬಿಚ್ಚಿ ಅದನ್ನು ಸುಮ್ಮನೆ ಹಿಂದೆ ಬರಲು ಬಿಟ್ಟರೆ ಡೇವ್ ಒಪ್ಪುವುದಿಲ್ಲ. ತನ್ನ ಜಾಗದಲ್ಲಿ ಇನ್ನೊಂದು ನಾಯಿ ಎಳೆಯುವುದನ್ನು ನೋಡಲಾರದೆ ಆ ನಾಯಿಯ ಮಿಣಿಯನ್ನು ಕಚ್ಚಿ ಹರಿದು, ತನ್ನ ಹಳೆಯ ಜಾಗದಲ್ಲಿ ಹೋಗಿ ನಿಲ್ಲುತ್ತದೆ. ಹೇಗೂ ಸಾಯುವ ಜೀವ, ನೆಮ್ಮದಿಯಿಂದ ಎಳೆಯುತ್ತಲೇ ಸಾಯಲಿ ಎಂದು ಬಂಡಿಯವರು ಮತ್ತೆ ಹೂಡುತ್ತಾರೆ. ಮರುದಿನ ಅದು ತೆವಳಲೂ ಆಗದೆ ಬಿದ್ದಾಗ ಬಂಡಿಗಳು ಮುಂದೆ ಹೋಗಿ ನಿಲ್ಲುತ್ತವೆ, ಒಬ್ಬ ಹಿಂದಕ್ಕೆ ನಡೆದು ಬರುತ್ತಾನೆ, ಗುಂಡಿನ ಸದ್ದು ಕೇಳುತ್ತದೆ. ಇದನ್ನು ನಿಷ್ಠೆಯ ಪರಮಾವಧಿ ಎಂದು ಹೊಗಳುವವರಿದ್ದಾರೆ. ನನಗೆ ಇದು ಬೇರೊಂದನ್ನು ಹೇಳುತ್ತದೆ. ದುಡಿಮೆಯೊಂದೇ ಬದುಕಾದಾಗ ದುಡಿಯುವ ಜೀವ ತನ್ನನ್ನು ಕೊಲ್ಲುವ ಕೆಲಸವನ್ನೇ ತನ್ನ ಮರ್ಯಾದೆ ಎಂದು ಹಿಡಿದುಕೊಳ್ಳುತ್ತದೆ. ಲಂಡನ್ ಈ ಮಾನಸಿಕತೆಗೆ ಅನುಕಂಪ ತೋರುತ್ತಾನೆ. ಆದರೆ ಬಂಡಿಗಳು ಮತ್ತೆ ಹೊರಟ ಸದ್ದನ್ನು ಕೇಳಿಸಲು ಮಾತ್ರ ಮರೆಯುವುದಿಲ್ಲ.

ಬಕ್‌ನನ್ನು ಅಗ್ಗಕ್ಕೆ ಕೊಳ್ಳುವ ಹ್ಯಾಲ್, ಚಾರ್ಲ್ಸ್, ಮರ್ಸಿಡಿಸ್ ಎಂಬ ಮೂವರು ಊರಿನವರ ಭಾಗ ಈ ಕಾದಂಬರಿಯ ಅತ್ಯಂತ ಹರಿತವಾದ ಭಾಗ. ಇಷ್ಟು ನಾಯಿ, ನಾಯಿಗೆ ಇಷ್ಟು ಆಹಾರ, ಇಷ್ಟು ದಿನ ಎಂದು ಅವರು ಪೆನ್ಸಿಲ್ ಹಿಡಿದು ಕಾಗದದ ಮೇಲೆ ಪ್ರಯಾಣವನ್ನು ಮುಗಿಸಿಬಿಟ್ಟಿದ್ದಾರೆ. ಒಂದೇ ಬಂಡಿಗೆ ಹದಿನಾಲ್ಕು ನಾಯಿ. ಹದಿನಾಲ್ಕು ನಾಯಿಗಳ ಆಹಾರವನ್ನು ಒಂದು ಬಂಡಿ ಹೊರಲಾರದು ಎಂಬುದು ಉತ್ತರದಲ್ಲಿ ಎಲ್ಲರಿಗೂ ಗೊತ್ತು, ಅವರಿಗೆ ಮಾತ್ರ ಗೊತ್ತಿಲ್ಲ. ಮೊದಲು ಅಳತೆ ಮೀರಿ ತಿನ್ನಿಸುತ್ತಾರೆ, ಅರ್ಧ ಆಹಾರ ಖಾಲಿಯಾದಾಗ ದಾರಿ ಕಾಲುಭಾಗವಷ್ಟೇ ಸವೆದಿರುತ್ತದೆ. ಆಮೇಲೆ ಉಪವಾಸ, ದೊಣ್ಣೆ, ಸಾವು. ಇವರ ಕೈಯಿಂದ ಬಕ್‌ನನ್ನು ಬಿಡಿಸುವ ಜಾನ್ ಥಾರ್ನ್‌ಟನ್ ಮಮತೆಯ ಯಜಮಾನ ನಿಜ. ಆದರೆ ಅವನು ಬಾಯಿತಪ್ಪಿ ಕಟ್ಟಿದ ಪಂಥಕ್ಕಾಗಿ ಬಕ್ ಸಾವಿರ ಪೌಂಡು ಹೊರೆಯ ಬಂಡಿಯನ್ನು ಎಳೆಯಬೇಕಾಗುತ್ತದೆ, ಐದು ನಿಮಿಷದಲ್ಲಿ 1,600 ಡಾಲರ್ ಗಳಿಸಿಕೊಡುತ್ತದೆ, ಯಜಮಾನನ ಸಾಲ ತೀರುತ್ತದೆ. ಪ್ರೀತಿಯ ಮನೆಯಲ್ಲೂ ಲೆಕ್ಕದ ಪುಸ್ತಕ ಮುಚ್ಚಿಲ್ಲ. ಏಳು ಅಧ್ಯಾಯಗಳ ಈ ಕಾದಂಬರಿಯಲ್ಲಿ ಬಕ್ ಕಾಡಿನ ಕರೆಯ ಬೆನ್ನುಹತ್ತಿ ತೋಳದೊಡನೆ ಓಡುವುದು ಕೊನೆಯ ಅಧ್ಯಾಯದಲ್ಲಿ, ಮನುಷ್ಯರು ಚಿನ್ನ ತೊಳೆಯುತ್ತ ಕೂತು ನಾಯಿಗಳಿಗೆ ಹೆಚ್ಚೇನೂ ಕೆಲಸವಿಲ್ಲದಾಗ. ಕರೆಗೆ ಓಗೊಡುವುದಕ್ಕೂ ಬಿಡುವು ಬೇಕು.

ಲಂಡನ್ ಡಾರ್ವಿನ್, ಸ್ಪೆನ್ಸರ್ ಓದಿದವನು, ದೊಣ್ಣೆ ಮತ್ತು ಕೋರೆಹಲ್ಲಿನ ನ್ಯಾಯವನ್ನು ಬಾಯಿಬಿಟ್ಟು ಹೇಳಿದವನು, ಹಾಗಿರುವಾಗ ಬಲವಿದ್ದವನು ಉಳಿಯುತ್ತಾನೆ ಎಂಬುದೇ ಅವನ ಸಂದೇಶವಲ್ಲವೇ ಎಂದು ಕೇಳಬಹುದು. ಆ ಸೆಳೆತ ಅವನಲ್ಲಿ ಇದ್ದದ್ದು ಸುಳ್ಳಲ್ಲ. ಆದರೆ ಎರಡು ನ್ಯಾಯಗಳಲ್ಲಿ ದೊಣ್ಣೆಯದು ಕಾಡಿನಿಂದ ಬಂದದ್ದಲ್ಲ. ಅದು ಶುರುವಾಗುವುದು ಸಿಯಾಟಲ್ ಪಟ್ಟಣದ ಗೋಡೆ ಎತ್ತರಿಸಿದ ಹಿತ್ತಲಲ್ಲಿ, ಹಣ ಕೈಬದಲಾದ ಮೇಲೆ. ಕೋರೆಹಲ್ಲಿನ ಜಗಳಗಳು ಹೆಚ್ಚಾಗಿ ನಡೆಯುವುದೂ ಬಂಡಿಗೆ ಹೂಡಿದ ನಾಯಿಗಳ ನಡುವೆ, ಮುಂದಾಳಿನ ಜಾಗಕ್ಕಾಗಿ. ಕೆನೆತ್ ಆಂಡರ್ಸನ್‌ನ ಬೇಟೆಕತೆಗಳನ್ನು ತೇಜಸ್ವಿಯವರ ಕನ್ನಡದಲ್ಲಿ ಓದಿದವರಿಗೆ ಈ ತರ್ಕ ಹೊಸದಲ್ಲ, ನರಭಕ್ಷಕನ ಹಿಂದೆ ಎಷ್ಟೋ ಸಲ ಮನುಷ್ಯನ ಗುಂಡಿನ ಗಾಯವಿರುತ್ತದೆ. ಲಂಡನ್‌ನ ಬದುಕೂ ಇದಕ್ಕೆ ಸಾಕ್ಷಿ. ಹುಡುಗನಾಗಿದ್ದಾಗಲೇ ಡಬ್ಬಿ ಆಹಾರದ ಕಾರ್ಖಾನೆಯಲ್ಲಿ, ಸೆಣಬಿನ ಗಿರಣಿಯಲ್ಲಿ ದುಡಿದವನು, ವಿದ್ಯುತ್ ಸ್ಥಾವರದಲ್ಲಿ ಕಲ್ಲಿದ್ದಲು ತುಂಬಿದವನು, ಅಲೆಮಾರಿ ಎಂಬ ಆರೋಪದ ಮೇಲೆ 1894ರಲ್ಲಿ ಮೂವತ್ತು ದಿನ ಜೈಲು ಕಂಡವನು. 1897ರಲ್ಲಿ ಕ್ಲಾಂಡೈಕ್‌ಗೆ ಹೊರಡುವ ಮೊದಲೇ ಅವನು ಸಮಾಜವಾದಿ ಪಕ್ಷ ಸೇರಿದ್ದ. ಅಲ್ಲಿಂದ ಅವನು ತಂದದ್ದು ಚಿನ್ನಕ್ಕಿಂತ ಹೆಚ್ಚಾಗಿ ಸ್ಕರ್ವಿ ಕಾಯಿಲೆ. ಈ ಕಾದಂಬರಿಯ ಪುಸ್ತಕದ ಹಕ್ಕನ್ನೂ ಅವನು ಮ್ಯಾಕ್‌ಮಿಲನ್ ಪ್ರಕಾಶನಕ್ಕೆ ಎರಡು ಸಾವಿರ ಡಾಲರಿಗೆ ಒಂದೇ ಗಂಟಿನಲ್ಲಿ ಮಾರಿಬಿಟ್ಟ. ಮುಂದೆ ಪುಸ್ತಕ ಎಷ್ಟು ಖರ್ಚಾದರೂ ಗೌರವಧನವಿಲ್ಲ.

ಆಕ್ಷೇಪ ಇನ್ನೊಂದು ದಿಕ್ಕಿನಿಂದಲೂ ಬಂದಿದೆ. ನಾಯಿಗೆ ಮನುಷ್ಯನ ಮನಸ್ಸು ತೊಡಿಸುವುದು ನಿಸರ್ಗದ ಹೆಸರಲ್ಲಿ ಮಾಡುವ ಮೋಸ ಎಂದು ಪ್ರಕೃತಿ ಲೇಖಕ ಜಾನ್ ಬರೋಸ್ 1903ರಲ್ಲಿ ಇಂಥ ಬರವಣಿಗೆಯ ಮೇಲೆ ದಾಳಿ ಶುರುಮಾಡಿದ; 1907ರಲ್ಲಿ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ದನಿಗೂಡಿಸಿ ಲಂಡನ್‌ನ ಹೆಸರನ್ನೂ ಎತ್ತಿದ. ನಾಯಿಯ ಒಳಮನಸ್ಸಿನ ಬಗ್ಗೆ ಅವರ ಅನುಮಾನ ಸರಿಯೇ ಇರಬಹುದು. ಆದರೆ ಲಂಡನ್‌ನ ಗಟ್ಟಿತನ ನಿಂತಿರುವುದು ನಾಯಿ ಏನು ಯೋಚಿಸಿತು ಎಂಬುದರ ಮೇಲಲ್ಲ, ನಾಯಿಯಿಂದ ಏನು ಮಾಡಿಸಿದರು ಎಂಬುದರ ಮೇಲೆ. 1908ರ ‘ಟು ಬಿಲ್ಡ್ ಎ ಫೈರ್’ ಸಣ್ಣಕತೆಯನ್ನು ನೋಡಿ. ಸೊನ್ನೆಗಿಂತ 75 ಡಿಗ್ರಿ ಫ್ಯಾರನ್‌ಹೀಟ್ ಕೆಳಗಿನ ಚಳಿಯಲ್ಲಿ ಒಂಟಿಯಾಗಿ ಹೊರಟವನು, ತೆಳು ಹಿಮದ ಕೆಳಗೆ ನೀರಿದೆಯೇ ಎಂದು ತಿಳಿಯಲು ನಾಯಿಯನ್ನು ಮುಂದಕ್ಕೆ ತಳ್ಳುತ್ತಾನೆ. ಬೆಂಕಿ ಆರಿಹೋದಾಗ ಅದನ್ನು ಕೊಂದು ಬಿಸಿ ಒಡಲಲ್ಲಿ ಕೈ ಹುದುಗಿಸಲು ಹವಣಿಸುತ್ತಾನೆ, ಬೆರಳುಗಳು ಮರಗಟ್ಟಿ ಚಾಕು ಹಿಡಿಯಲಾಗದೆ ನಾಯಿ ಉಳಿಯುತ್ತದೆ. ಇದರಲ್ಲಿ ನಾಯಿಗೆ ಮನುಷ್ಯನ ಮನಸ್ಸು ತೊಡಿಸಿದ್ದು ಏನೂ ಇಲ್ಲ. ಒಂದು ಜೀವವನ್ನು ಉಪಕರಣವೆಂದು ಕಂಡವನ ಬುದ್ಧಿಯ ಚಿತ್ರ ಇದೆ, ಅಷ್ಟೆ.

ಎಲ್ಲಕ್ಕಿಂತ ಗಂಭೀರವಾದ ಆಕ್ಷೇಪ ಆ ನೆಲದ ಮೂಲನಿವಾಸಿಗಳನ್ನು ಕುರಿತದ್ದು. ‘ದಿ ಕಾಲ್ ಆಫ್ ದಿ ವೈಲ್ಡ್’ ಕೊನೆಯಲ್ಲಿ ಥಾರ್ನ್‌ಟನ್‌ನನ್ನು ಕೊಲ್ಲುವ ಯೀಹ್ಯಾಟ್ ಎಂಬ ಜನಾಂಗ ಲಂಡನ್‌ನ ಕಲ್ಪನೆ. ಅವರಿಗೆ ಮುಖವಿಲ್ಲ, ಮಾತಿಲ್ಲ, ಬಕ್ ಅವರನ್ನು ಬೇಟೆಯಾಡಲೆಂದೇ ಬರುತ್ತಾರೆ. ವಾಸ್ತವದಲ್ಲಿ ಕ್ಲಾಂಡೈಕ್‌ನ ಮೊದಲ ಚಿನ್ನ ಸಿಕ್ಕಿದ ತಂಡದಲ್ಲಿ ಸ್ಕೂಕಮ್ ಜಿಮ್ ಎಂದು ಹೆಸರಾದ ಕೈಶ್ ಮತ್ತು ಅವನ ಬಂಧುಗಳಿದ್ದರು. ಚಿಲ್ಕೂಟ್ ಕಣಿವೆಯಲ್ಲಿ ಕೂಲಿಗೆ ಹೊರೆ ಹೊತ್ತವರಲ್ಲಿ ಟ್ಲಿಂಗಿಟ್ ಜನರು ಮುಖ್ಯರು. ಹೊಳೆ ಕೂಡುವ ಜಾಗದಲ್ಲಿ ಮೀನು ಹಿಡಿದು ಬದುಕಿದ್ದ ಹಾನ್ ಜನರನ್ನು ಗಣಿಗಾರರ ನೂಕುನುಗ್ಗಲಿನಿಂದ ದೂರವಿರಿಸಲು ಅವರ ಮುಖಂಡ ಐಸಾಕ್, ಕೆಳಹರಿವಿನ ಮೂಸ್‌ಹೈಡ್ ಎಂಬಲ್ಲಿಗೆ ಕರೆದೊಯ್ದ. ತಮ್ಮ ಹಾಡುಗಳು ಅಳಿದುಹೋಗದಿರಲೆಂದು ಅಲಾಸ್ಕಾದ ನೆಂಟರಿಗೆ ಕಲಿಸಿಟ್ಟ. ಆ ನೆಲ 2023ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿ ಸೇರಿತು. ಇವರಲ್ಲಿ ಯಾರೂ ಆ ಕಾದಂಬರಿಯಲ್ಲಿ ಇಲ್ಲ. ಇದನ್ನು ಕಾಲದ ಮಿತಿ ಎಂದು ತೇಲಿಸಲಾಗದು. ಬಿಳಿಯರೇ ಮೇಲು ಎಂಬ ಮಾತನ್ನು ಲಂಡನ್ ಬೇರೆಡೆ ಸ್ಪಷ್ಟವಾಗಿಯೇ ಬರೆದಿದ್ದಾನೆ. ಆದರೆ ‘ವೈಟ್ ಫ್ಯಾಂಗ್’ನಲ್ಲಿ ಗ್ರೇ ಬೀವರ್ ಎಂಬ ಮೂಲನಿವಾಸಿ ತುಪ್ಪಳ, ಕೈಗವಸು ಮಾರಲು ಫೋರ್ಟ್ ಯೂಕಾನ್‌ಗೆ ಬಂದು ನೂರಕ್ಕೆ ಸಾವಿರದ ಲಾಭ ಕಾಣುತ್ತಾನೆ. ಅವನ ನಾಯಿಯ ಮೇಲೆ ಕಣ್ಣಿಟ್ಟ ಬಿಳಿಯನೊಬ್ಬ ಅವನಿಗೆ ವಿಸ್ಕಿಯ ರುಚಿ ಹತ್ತಿಸುತ್ತಾನೆ. ಹಣ ಕರಗಿ, ಸರಕು ಕರಗಿ, ಕೊನೆಗೆ ಸೀಸೆಗಳ ಬೆಲೆಗೆ ನಾಯಿ ಕೈತಪ್ಪುತ್ತದೆ. ವಸಾಹತು ಹೇಗೆ ಒಳಹೊಕ್ಕಿತು ಎಂಬುದಕ್ಕೆ ಇದಕ್ಕಿಂತ ಚಿಕ್ಕ, ಚೊಕ್ಕ ಚಿತ್ರ ಸಿಗುವುದು ಕಷ್ಟ. ದುಡಿಮೆಯ ಕಣ್ಣಿನಿಂದ ಓದಿದಾಗ ಲಂಡನ್‌ನ ದೃಷ್ಟಿ ಎಲ್ಲಿ ಚುರುಕು, ಎಲ್ಲಿ ಕುರುಡು ಎರಡೂ ಒಟ್ಟಿಗೆ ಗೊತ್ತಾಗುತ್ತವೆ. ನಾಯಿಯ ಕೂಲಿಯ ಲೆಕ್ಕ ಇಟ್ಟವನು ಟ್ಲಿಂಗಿಟ್ ಹಮಾಲಿಯ ಲೆಕ್ಕ ಯಾಕೆ ಇಡಲಿಲ್ಲ ಎಂದು ಆಗ ಕೇಳಬಹುದು. ಸಾಹಸದ ಓದಿಗೆ ಈ ಪ್ರಶ್ನೆಯೇ ಹುಟ್ಟುವುದಿಲ್ಲ.

2020ರಲ್ಲಿ ಹ್ಯಾರಿಸನ್ ಫೋರ್ಡ್ ನಟಿಸಿ ಬಂದ ಸಿನಿಮಾ ಏನು ಬದಲಿಸಿತು ಎಂದು ನೋಡಿದರೆ ನಮ್ಮ ಕಾಲದ ಮುಜುಗರ ಯಾವುದರ ಬಗ್ಗೆ ಎಂದು ಗೊತ್ತಾಗುತ್ತದೆ. ಯೀಹ್ಯಾಟ್‌ಗಳನ್ನು ತೆಗೆದದ್ದು ಒಳ್ಳೆಯದೇ. ಆದರೆ ಅವರ ಜಾಗಕ್ಕೆ ಹ್ಯಾಲ್‌ನನ್ನೇ ಖಳನಾಯಕನನ್ನಾಗಿ ತಂದರು, ಥಾರ್ನ್‌ಟನ್ ಅವನ ಗುಂಡಿಗೆ ಬಲಿಯಾಗುತ್ತಾನೆ. ಅಂಚೆ ನಾಯಿಗಳನ್ನು ಮಾರುವುದು ಅವು ದುಡಿದು ಬಳಲಿದ್ದಕ್ಕಲ್ಲ, ಟೆಲಿಗ್ರಾಫ್ ಬಂದದ್ದಕ್ಕೆ. ಕಾದಂಬರಿಯಲ್ಲಿ ಸವೆಸಿ ಎಸೆಯುವುದೇ ವ್ಯವಸ್ಥೆಯ ದಿನನಿತ್ಯದ ರೀತಿ. ಸಿನಿಮಾದಲ್ಲಿ ಒಬ್ಬ ಕೆಟ್ಟ ಮನುಷ್ಯ ಮತ್ತು ಯಾರ ತಪ್ಪೂ ಅಲ್ಲದ ತಂತ್ರಜ್ಞಾನ. ಮಕ್ಕಳಿಗೆಂದು ಮಾಡುವ ಸಂಗ್ರಹಗಳು ಕತೆಯನ್ನು ಸಾಹಸಕ್ಕೆ ಇಳಿಸಿದಾಗಲೂ ಇದೇ ಅಪಾಯ: ತೋಳದ ಕೂಗು ಉಳಿಯುತ್ತದೆ, ಡಾಲರಿನ ಅಂಕಿ ಹೋಗುತ್ತದೆ.

ಮಕ್ಕಳು ಖುಷಿಗಾಗಿ ಓದುವ ಪುಸ್ತಕಕ್ಕೆ ಇಷ್ಟೆಲ್ಲ ಲೆಕ್ಕ ಹೇರಿದರೆ ರುಚಿ ಕೆಡುವುದಿಲ್ಲವೇ ಎಂಬ ಮಾತು ಉಳಿಯುತ್ತದೆ. ಬಂಡಿ ಹೆಪ್ಪುಗಟ್ಟಿದ ನೆಲದಿಂದ ಕಿತ್ತು ಬರುವಾಗಿನ ಮೈನವಿರು ಯಾವ ಓದಿನಲ್ಲೂ ಕಳೆದುಹೋಗುವುದಿಲ್ಲ. ಆ ಹೊರೆಯ ತೂಕ, ಆ ಪಂಥದ ಮೊತ್ತ ಗೊತ್ತಿದ್ದರೆ ಅದು ಇನ್ನೂ ಏರುತ್ತದೆ. ಪೆನ್ಸಿಲ್ ಹಿಡಿದ ಹ್ಯಾಲ್‌ನ ಅಧ್ಯಾಯ ಓದಿದ ಹುಡುಗಿಗೆ, ಮೊಬೈಲಿನಲ್ಲಿ ಇಷ್ಟು ನಿಮಿಷಕ್ಕೆ ಇಷ್ಟು ದೂರ ಎಂದು ಮೊದಲೇ ಲೆಕ್ಕ ಹಾಕಿಟ್ಟ ಆ್ಯಪ್‌ನ ಹಿಂದೆ ಬೈಕ್ ಓಡಿಸುವವನೊಬ್ಬ ಇದ್ದಾನೆಂದು ಬಿಡಿಸಿ ಹೇಳಬೇಕಾಗುವುದಿಲ್ಲ. ಈ ಕಾದಂಬರಿಗಳನ್ನು ಕನ್ನಡಕ್ಕೆ ತರುವವರು, ಶಾಲೆಯ ಗ್ರಂಥಾಲಯಕ್ಕೆ ಆರಿಸುವವರು ಇಷ್ಟು ಮಾಡಿದರೆ ಸಾಕು: ಸಂಗ್ರಹವನ್ನು ಬದಿಗಿಟ್ಟು ಇಡೀ ಪಠ್ಯವನ್ನು ಕೊಡಲಿ, ಮೈಲಿ, ಪೌಂಡು, ಡಾಲರುಗಳನ್ನು ಕತ್ತರಿಸದಿರಲಿ. ಲಂಡನ್ ಅವನ್ನು ಅಲಂಕಾರಕ್ಕೆಂದು ಬರೆದಿರಲಿಲ್ಲ.